ಮಗನಿಗಿಂತ ಚಿಕ್ಕ ತಾಯಿ: ಬ್ರಹ್ಮಪುರದ ಮಾಳಿಗೆಯಲ್ಲಿ ಪಂಢರಿಬಾಯಿ

ಈ ಪ್ರಕರಣ ಶುರುವಾದದ್ದು ಮೊಬೈಲಿನ ಕ್ಯಾಲ್ಕುಲೇಟರ್‌ನಿಂದ.

ಮೇ ತಿಂಗಳು. ಕಲಬುರಗಿಯ ಬ್ರಹ್ಮಪುರದಲ್ಲಿ ನಮ್ಮ ಮನೆಯ ಮಾಳಿಗೆ. ಹಗಲೆಲ್ಲ ಕಾದ ಶಹಾಬಾದ್ ಕಲ್ಲು ರಾತ್ರಿ ಒಂಬತ್ತಾದರೂ ಅಂಗಾಲು ಸುಡುತ್ತದೆ. ಎರಡು ಕೊಡ ನೀರು ಚೆಲ್ಲಿ, ಹಬೆ ಆರಿದ ಮೇಲೆ ಚಾಪೆ ಹಾಸಿದೆವು. ಗೋಡೆಗೆ ಬಿಳಿ ಚಾದರ ಕಟ್ಟಿದ್ದಾಯಿತು. ಪ್ರೊಜೆಕ್ಟರ್ ಗೆಳೆಯನದು, ಒಂದು ಬದಿ ಬಣ್ಣ ಸ್ವಲ್ಪ ಹಳದಿ ಹೊಡೆಯುತ್ತದೆ. ಕಪ್ಪು ಬಿಳುಪು ಸಿನಿಮಾಕ್ಕೆ ಅದರಿಂದೇನೂ ತೊಂದರೆಯಿಲ್ಲ. ಓಣಿಯ ಏಳೆಂಟು ಜನ ಸುಸಲಾ ಡಬ್ಬಿ ಹಿಡಿದು ಬಂದು ಕೂತರು.

ಅವರಲ್ಲಿ ಮೂವರು ಈ ಬರಹಕ್ಕೆ ಬೇಕು. ಒಬ್ಬರು ಆಯಿ. ಹೆಸರು ಹಾಕಬೇಡ ಎಂದಿದ್ದಾರೆ, ಓಣಿಗೆಲ್ಲ ಆಯಿ, ಇಲ್ಲೂ ಆಯಿ. ವಯಸ್ಸಿದ್ದಾಗ ನಾಟಕ ಕಂಪನಿಯಲ್ಲಿ ಪಾರ್ಟು ಮಾಡಿದವರು. ಇನ್ನೊಬ್ಬಳು ಅವರ ಮೊಮ್ಮಗಳು, ಬಿ.ಕಾಂ. ಓದುವ ಹುಡುಗಿ. ಮತ್ತೊಬ್ಬರು ಪಕ್ಕದ ಮನೆಯ ಖಾಲಾ. ಮನೆಯಲ್ಲಿ ಉರ್ದು, ನಮ್ಮ ಜೊತೆ ಕನ್ನಡ, ಸಿನಿಮಾ ವಿಷಯ ಬಂದರೆ ಎರಡೂ ಕಲಸಿ ಮಾತಾಡುವವರು.

ನಾವು ಎರಡು ಭಾನುವಾರಕ್ಕೆ ಎರಡು ಸಿನಿಮಾ ಆರಿಸಿಕೊಂಡಿದ್ದೆವು. ಮೊದಲನೆಯದು 1954ರ ‘ಬೇಡರ ಕಣ್ಣಪ್ಪ’. ಎಚ್.ಎಲ್.ಎನ್. ಸಿಂಹ ಅವರ ನಿರ್ದೇಶನ, ರಾಜ್‌ಕುಮಾರ್ ನಾಯಕನಾದ ಮೊದಲ ಚಿತ್ರ. ಕಣ್ಣಪ್ಪನ ಹೆಂಡತಿ ನೀಲಾ ಆಗಿ ಪಂಢರಿಬಾಯಿ. ಎರಡನೆಯದು 1986ರ ‘ಅನುರಾಗ ಅರಳಿತು’. ಅಲ್ಲೂ ರಾಜ್‌ಕುಮಾರ್ ನಾಯಕ, ಅಲ್ಲೂ ಪಂಢರಿಬಾಯಿ ಇದ್ದಾರೆ. ಆದರೆ ನಾಯಕನ ತಾಯಿಯಾಗಿ.

ಕಾರ್ಯಕ್ರಮ ಹೇಳಿ ಮುಗಿಸುವಷ್ಟರಲ್ಲಿ ಮೊಮ್ಮಗಳು ಮೊಬೈಲ್ ತೆಗೆದಳು. ರಾಜ್‌ಕುಮಾರ್ ಹುಟ್ಟಿದ್ದು 1929ರ ಏಪ್ರಿಲ್ 24. ಪಂಢರಿಬಾಯಿ ಹುಟ್ಟಿದ್ದು 1928ರಲ್ಲಿ. “ಅಂದ್ರ ಅವ್ವಗೂ ಮಗಗೂ ಒಂದು ವರ್ಷ ಫರಕು,” ಅಂದಳು. ಯಾರೋ ನಕ್ಕರು. ಅವಳು ನಗಲಿಲ್ಲ.

ನನಗೂ ಅದು ತಲೆಯಲ್ಲಿ ಕೂತುಬಿಟ್ಟಿತು. ಮುಂದಿನ ಒಂದು ವಾರ ನಾನು ಮಾಡಿದ್ದು ಇದೇ ಲೆಕ್ಕ.

ತಮಿಳಿನ ಶಿವಾಜಿ ಗಣೇಶನ್ ಹುಟ್ಟಿದ್ದು 1928ರ ಅಕ್ಟೋಬರ್‌ನಲ್ಲಿ. ಅವರ ಮೊದಲ ಚಿತ್ರ 1952ರ ‘ಪರಾಶಕ್ತಿ’, ಅದರ ನಾಯಕಿ ನಮ್ಮ ಪಂಢರಿಬಾಯಿ. ಒಂದೇ ವರ್ಷ ಹುಟ್ಟಿದ ಜೋಡಿ. 21 ವರ್ಷ ಮುಂದೆ ಬನ್ನಿ, 1973ರ ‘ಗೌರವಂ’. ಶಿವಾಜಿಯದು ಎರಡು ಪಾತ್ರ: ವಯಸ್ಸಾದ ಬ್ಯಾರಿಸ್ಟರ್ ಒಬ್ಬ, ಅವನು ಮನೆಯಲ್ಲಿಟ್ಟು ಬೆಳೆಸಿದ ಹುಡುಗ ಇನ್ನೊಬ್ಬ. ಪಂಢರಿಬಾಯಿ ಬ್ಯಾರಿಸ್ಟರನ ಹೆಂಡತಿ. ಒಂದೇ ಸಿನಿಮಾದಲ್ಲಿ ಒಬ್ಬನೇ ನಟನಿಗೆ ಹೆಂಡತಿಯೂ ಅವರೇ, ಸಾಕುತಾಯಿಯೂ ಅವರೇ!

ಎಂ.ಜಿ.ಆರ್. ಲೆಕ್ಕ ಇನ್ನೂ ಮಜಾ. ಅವರು ಹುಟ್ಟಿದ್ದು 1917ರಲ್ಲಿ, ಅಂದರೆ ಪಂಢರಿಬಾಯಿಗಿಂತ 11 ವರ್ಷ ದೊಡ್ಡವರು. 1968ರ ‘ಕುಡಿಯಿರುಂದ ಕೋಯಿಲ್’ ಚಿತ್ರದಲ್ಲಿ ಎಂ.ಜಿ.ಆರ್.ಗೆ ಅವಳಿ ಪಾತ್ರ, ಇಬ್ಬರಿಗೂ ತಾಯಿ ಪಂಢರಿಬಾಯಿ. ತಾಯಿಗೆ ನಲವತ್ತರ ಆಸುಪಾಸು. ಮಕ್ಕಳಿಗೆ 51.

ಇದೇ ನನ್ನ ಪ್ರಕರಣ. ಜನಪ್ರಿಯ ನಾಯಕಿಯೊಬ್ಬಳು ತನ್ನ ವಾರಿಗೆಯ, ತನಗಿಂತ ದೊಡ್ಡ ಗಂಡಸರಿಗೂ ತಾಯಿಯಾಗಿ, ಆ ಕೆಲಸವನ್ನೇ ಮೂರು ದಶಕ ಮಾಡಿದಳು. ಯಾಕೆ? ಮತ್ತೆ, ಅದರಲ್ಲಿ ಕೈತಪ್ಪಿದ್ದೇನು, ದಕ್ಕಿದ್ದೇನು?

ಮೊದಲು ಅವರ ದಾರಿ ಸ್ವಲ್ಪ ನೋಡೋಣ. ಹುಟ್ಟೂರು ಭಟ್ಕಳ. ಸಿನಿಮಾಕ್ಕೆ ಬರುವ ಮುಂಚೆ ಹರಿಕಥೆ, ನಾಟಕ. 1943ರ ‘ವಾಣಿ’ ಮೊದಲ ಚಿತ್ರ. 1953ರ ‘ಗುಣಸಾಗರಿ’, ಮರುವರ್ಷ ‘ಬೇಡರ ಕಣ್ಣಪ್ಪ’. ಅದೇ 1954ರಲ್ಲಿ ತಮಿಳಿನಲ್ಲಿ ‘ಅಂದ ನಾಳ್’. ಹಾಡೇ ಇಲ್ಲದ ಸಿನಿಮಾ ಅದು, ಆ ಕಾಲಕ್ಕೆ ಹುಚ್ಚು ಧೈರ್ಯ. ಆಮೇಲೆ ಸ್ವಂತ ಬ್ಯಾನರ್, ಶ್ರೀ ಪಾಂಡುರಂಗ ಪ್ರೊಡಕ್ಷನ್ಸ್. 1955ರಲ್ಲಿ ‘ಸಂತ ಸಖು’, 1957ರಲ್ಲಿ ‘ರಾಯರ ಸೊಸೆ’. ತಂಗಿ ಮೈನಾವತಿಯೂ ಹೆಸರಾದ ನಟಿ. 2003ರ ಜನವರಿ 29ರಂದು ಚೆನ್ನೈನಲ್ಲಿ ತೀರಿಕೊಂಡರು.

ಸಖು ಕಥೆ ನಮ್ಮ ಕಡೆಯವರಿಗೆ ಹೇಳಿಕೊಡಬೇಕಾದದ್ದಲ್ಲ. ಕಲಬುರಗಿ, ಬೀದರ ಜನಕ್ಕೆ ಪಂಢರಪುರ ಪರವೂರೇ ಅಲ್ಲ. ಅತ್ತೆ ಮನೆಯಲ್ಲಿ ಕಟ್ಟಿಹಾಕಿದ್ದ ಸಖು ವಿಠ್ಠಲನ ದರ್ಶನಕ್ಕೆ ಹೋಗಲಿ ಅಂತ ವಿಠ್ಠಲನೇ ಅವಳ ರೂಪ ತೊಟ್ಟು ಬಂದು ಬೀಸಿದ, ಕುಟ್ಟಿದ, ನೀರು ಹೊತ್ತ. ಸೊಸೆಯ ಬದಲಿಗೆ ದೇವರು ಮನೆಗೆಲಸ ಮಾಡುವ ಕಥೆಯನ್ನು ಒಬ್ಬ ನಟಿ ತಾನೇ ದುಡ್ಡು ಹಾಕಿ ತೆಗೆದಳು ಅನ್ನುವುದನ್ನು ನಾನು ಸುಮ್ನೆ ದಾಟಿ ಹೋಗಲಾರೆ.

ಇನ್ನೊಂದು ಸಣ್ಣ ಸಂಗತಿ. ‘ಬೇಡರ ಕಣ್ಣಪ್ಪ’ ಬಂದಾಗ ಕಲಬುರಗಿ ಹೈದರಾಬಾದ್ ರಾಜ್ಯದಲ್ಲಿತ್ತು. ನೀಲಾ ಪಾತ್ರದ ಪಂಢರಿಬಾಯಿ ಬಾಂಬೆ ಪ್ರಾಂತದಲ್ಲಿ ಹುಟ್ಟಿದವರು, ಕಣ್ಣಪ್ಪನಾದ ರಾಜ್ ಮದ್ರಾಸ್ ಪ್ರಾಂತದಲ್ಲಿ ಹುಟ್ಟಿದವರು. ನಾವೆಲ್ಲ ಒಂದು ರಾಜ್ಯಕ್ಕೆ ಸೇರಿದ್ದು 1956ರ ನವೆಂಬರ್ 1ಕ್ಕೆ. ಅದಕ್ಕೂ ಎರಡು ವರ್ಷ ಮೊದಲೇ ಪರದೆಯ ಮೇಲೆ ಆ ಇಬ್ಬರು ಗಂಡ ಹೆಂಡತಿಯಾಗಿ ಕನ್ನಡ ಮಾತಾಡಿಬಿಟ್ಟಿದ್ದರು.

ಈಗ ಯಾಕೆ ಅನ್ನುವ ಪ್ರಶ್ನೆ.

ಮೊಮ್ಮಗಳ ಉತ್ತರ ಚಿಕ್ಕದು. “ಇದು ಮೋಸ.” ಗಂಡಸು ಐವತ್ತಾದರೂ ಕಾಲೇಜು ಹುಡುಗ, ಹೆಂಗಸಿಗೆ ಮೂವತ್ತೈದಾದರೆ ಬಿಳಿ ಕೂದಲು. ಅವಳ ಮಾತು ತಪ್ಪಲ್ಲ. ಲೆಕ್ಕ ನೋಡಿದಾಗ ನನಗೆ ಮೊದಲು ಬಂದದ್ದೂ ಸಿಟ್ಟೇ.

ಆದರೆ ಹೆಣ್ಣಿಗೆ ಮಾತ್ರ ಹೀಗಾಯಿತು ಅಂದರೆ ಪೂರ್ತಿ ನಿಜವಲ್ಲ. ಕೆ.ಎಸ್. ಅಶ್ವತ್ಥ್ ನೆನಪಿಸಿಕೊಳ್ಳಿ. 1955ರ ‘ಸ್ತ್ರೀರತ್ನ’ದಲ್ಲಿ ನಾಯಕನಾಗಿ ಬಂದವರು. ಹುಟ್ಟಿದ್ದು 1925ರಲ್ಲಿ, ರಾಜ್‌ಗಿಂತ 4 ವರ್ಷಕ್ಕಷ್ಟೇ ದೊಡ್ಡವರು. ಆದರೂ ರಾಜ್‌ಗೆ ಅಪ್ಪನಾಗಿಯೇ ಜನರ ಮನಸ್ಸಲ್ಲಿ ಉಳಿದರು. ಅವರಿಗಾದರೂ 4 ವರ್ಷದ ನೆಪ ಇತ್ತು, ಪಂಢರಿಬಾಯಿಗೆ ಅದೂ ಇರಲಿಲ್ಲ.

ನನಗೆ ಕಾಣುವುದು ಇಷ್ಟು. ಸಿನಿಮಾ ಮಾರಾಟವಾಗುತ್ತಿದ್ದದ್ದು ನಾಯಕನ ಹೆಸರಿನ ಮೇಲೆ. ಹಂಚಿಕೆದಾರ ದುಡ್ಡು ಕಟ್ಟುವುದು ಆ ಹೆಸರಿಗೆ. ಹಾಗಾಗಿ ಆ ಹೆಸರಿಗೆ ವಯಸ್ಸಾಗುವ ಹಾಗಿಲ್ಲ. ಮುಖಕ್ಕೆ ಬಣ್ಣ ಹಚ್ಚಬಹುದು, ವಿಗ್ಗು ಹಾಕಬಹುದು, ಅಷ್ಟು ಸಾಲದು. ಪಕ್ಕದಲ್ಲಿ ಒಬ್ಬ ತಾಯಿಯನ್ನು ನಿಲ್ಲಿಸಿ ನೋಡಿ. ಅವಳು “ಮಗಾ, ಊಟ ಮಾಡಿದ್ಯಾ?” ಅಂದ ಕೂಡಲೇ ಐವತ್ತರ ಗಂಡಸು ಇಪ್ಪತ್ತೈದಕ್ಕೆ ಇಳಿಯುತ್ತಾನೆ. ನಮ್ಮ ಮನೆಗಳಲ್ಲೂ ಹೀಗೇ ಅಲ್ವಾ? ಅವ್ವ ಬದುಕಿರುವವರೆಗೂ ಮಗ ಹುಡುಗನೇ. ನಾಯಕನಿಗೆ ಏರಬೇಕಿದ್ದ ವಯಸ್ಸನ್ನು ತಾಯಿ ಪಾತ್ರದವಳು ತನ್ನ ಮೇಲೆ ಹಾಕಿಕೊಂಡಳು. ಅವಳ ತಲೆಗೆ ಬಿಳಿ ಬಳಿದಷ್ಟೂ ಅವನ ಕೂದಲು ಕಪ್ಪಾಗಿ ಕಾಣುತ್ತದೆ.

ಹಾಗಾದರೆ ಈ ಕೆಲಸಕ್ಕೆ ಪಂಢರಿಬಾಯಿಯೇ ಯಾಕೆ? ನಾಯಕಿಯಾಗಿದ್ದಾಗಲೂ ಅವರ ಹೆಸರು ನಿಂತದ್ದು ಹೆಂಡತಿ, ಸೊಸೆ, ಭಕ್ತೆ ಪಾತ್ರಗಳಲ್ಲಿ. ನೀಲಾ, ಸಖು, ರಾಯರ ಸೊಸೆ. ತುಂಬು ಸೆರಗು, ಹಣೆ ತುಂಬ ಕುಂಕುಮ. ಅಲ್ಲಿಂದ ತಾಯಿಗೆ ಒಂದೇ ಮೆಟ್ಟಿಲು. ಕುಣಿದು ಹೆಸರು ಮಾಡಿದವಳಾಗಿದ್ದರೆ ಮೆಟ್ಟಿಲು ಜಾಸ್ತಿ ಇರುತ್ತಿದ್ದವು.

ಇದನ್ನೆಲ್ಲ ನಾನು ಮಾಳಿಗೆಯಲ್ಲಿ ದೊಡ್ಡದಾಗಿ ವಿವರಿಸಿದೆ. ಆಯಿ ಸುಸಲಾದಲ್ಲಿನ ಶೇಂಗಾ ಆರಿಸುತ್ತ ಕೇಳಿಸಿಕೊಂಡರು. ಆಮೇಲೆ ಹೇಳಿದ್ದು:

“ತಮ್ಮಾ, ನಿಮಗ ಲೆಕ್ಕ ಗೊತ್ತದ, ನಾಟಕ ಗೊತ್ತಿಲ್ಲ. ನಾ ಇಪ್ಪತ್ತೆರಡರಾಗೇ ನಮ್ಮ ಮಾಲೀಕರಿಗೆ ಅವ್ವ ಆಗಿದ್ದೆ. ಅವರಿಗೆ ಐವತ್ತು ದಾಟಿತ್ತು. ಹೀರೋ ಪಾರ್ಟು ಬಿಡ್ಲೇ ಇಲ್ಲ.”

ಮಾಳಿಗೆಯ ಮೇಲೆ ದೊಡ್ಡ ನಗು. ಈ ಸಲ ಮೊಮ್ಮಗಳೂ ನಕ್ಕಳು.

ಆಯಿ ಹೇಳಿದ್ದರಲ್ಲಿ ಕಂಪನಿಯ ರೀತಿ ರಿವಾಜು ಪೂರ್ತಿ ಇದೆ. ಹೋಳಿ ಮುಗಿದ ಮೇಲೆ ಶರಣಬಸವೇಶ್ವರ ಜಾತ್ರೆ. ಕಂಪನಿಯವರು ಅಲ್ಲಿ ಕ್ಯಾಂಪ್ ಹಾಕುವರು. ತಗಡಿನ ಥೇಟರ್, ರಾತ್ರಿ ಎರಡು ಆಟ. ಹೆಣ್ಣು ಪಾರ್ಟಿನವರು ಇರುತ್ತಿದ್ದದ್ದೇ ಮೂರೋ ನಾಲ್ಕೋ. ಒಬ್ಬಳು ಹೀರೋಯಿನ್, ಒಬ್ಬಳು ಹಾಸ್ಯದ ಜೋಡಿ, ಉಳಿದವಳಿಗೆ ತಾಯಿ, ಅತ್ತೆ, ಕೆಲಸದಾಕೆ ಎಲ್ಲವೂ. ತಾಯಿ ಪಾರ್ಟು ಯಾರಿಗೆ ಅಂತ ವಯಸ್ಸು ಕೇಳಿ ಹಂಚುತ್ತಿರಲಿಲ್ಲ, ಗಂಟಲು ನೋಡಿ ಹಂಚುತ್ತಿದ್ದರು. ಕೊನೆಯ ಸಾಲಿನವನಿಗೂ ಅಳು ಕೇಳಬೇಕು, ಮಾತೂ ತಿಳಿಯಬೇಕು. ಎರಡೂ ಒಟ್ಟಿಗೆ ಬರುವವರು ಕಮ್ಮಿ.

ಪಂಢರಿಬಾಯಿ ಹರಿಕಥೆಯಿಂದ ಬಂದವರು ಅಂದಾಗ ಆಯಿ “ಹಾಂ, ಅದೇ ಮತ್ತ” ಅಂದರು. ಹರಿಕಥೆ ಹೇಳುವವಳು ಒಬ್ಬಳೇ ನಿಂತು ರಾಮನೂ ಆಗಬೇಕು, ಮುದಿ ಶಬರಿಯೂ ಆಗಬೇಕು. ಅವಳಿಗೆ ವಯಸ್ಸು ಅನ್ನುವುದು ಉಟ್ಟು ಬಿಡುವ ಸೀರೆ. ನನ್ನ ಮಾರುಕಟ್ಟೆಯ ವಿವರಣೆಗೆ ಇದು ಸಿಕ್ಕಿರಲಿಲ್ಲ.

ಮೊದಲ ಭಾನುವಾರ ಸಿನಿಮಾ ಮುಗಿದಾಗ ಹೊತ್ತು ಬಹಳ ಆಗಿತ್ತು, ಚರ್ಚೆ ನಡೆಯಲಿಲ್ಲ. ಎರಡನೇ ಭಾನುವಾರದ್ದು ಸ್ವಲ್ಪ ವಿವರವಾಗಿ ಹೇಳಬೇಕು.

‘ಅನುರಾಗ ಅರಳಿತು’ ಎಂ.ಎಸ್. ರಾಜಶೇಖರ್ ನಿರ್ದೇಶನದ ಚಿತ್ರ. ಸೊಕ್ಕಿನ ಶ್ರೀಮಂತೆ, ಸ್ವಾಭಿಮಾನದ ಕೆಲಸಗಾರ, ಅವನಿಗೆ ಜೀವಕ್ಕೆ ಜೀವವಾದ ತಾಯಿ. ಜನ ನೆನಪಿಟ್ಟುಕೊಂಡಿರುವುದು ರಾಜ್ ಮತ್ತು ಮಾಧವಿಯ ಜಟಾಪಟಿ. ನಾನೂ ಅದನ್ನೇ ನೋಡುತ್ತ ಕೂತಿದ್ದೆ. ಮಗ ತಾಯಿಯ ಮುಂದೆ ಕೂತು ಮಾತಾಡುವ ಒಂದು ಕಡೆ ಆಯಿ ಕೈ ಎತ್ತಿದರು. “ನಿಲ್ಸು. ಹಿಂದ ತಗೋ.”

ಹಿಂದೆ ತಗೊಂಡೆ. ಮತ್ತೆ ಅದೇ ದೃಶ್ಯ.

“ಈಗ ರಾಜಕುಮಾರನ್ನ ನೋಡಬ್ಯಾಡ. ಅಕಿನ್ನ ನೋಡು. ಅಕಿ ಏನ್ ಮಾಡ್ಲತ್ತಾಳ?”

ನೋಡಿದೆ. ಏನೂ ಮಾಡುತ್ತಿರಲಿಲ್ಲ, ಹಾಗಂತಲೇ ಹೇಳಿದೆ.

“ಕೇಳ್ಲತ್ತಾಳ,” ಅಂದರು ಆಯಿ. “ಅವಾ ಮಾತಾಡೋ ತನಕ ಅಕಿ ಕೇಳ್ಲತ್ತಾಳ. ಅಕಿ ಕೇಳೋದು ಬಿಟ್ರ ಅವನ ಮಾತು ಯಾರಿಗಿ ಮುಟ್ತದ? ನೀ ಅಳ್ತಿ ಅಂದ್ರ ಅವನ ಮಾತಿಗಿ ಅಲ್ಲ, ಅಕಿ ಮಾರಿ ನೋಡಿ.”

ಆಮೇಲೆ ಅವರು ಮಾಡಿ ತೋರಿಸಿದ್ದು ನನ್ನ ಕಣ್ಣಿಗೆ ಕಟ್ಟಿದ ಹಾಗಿದೆ. ಚಾಪೆಯಿಂದ ಎದ್ದು ನಿಂತರು. ಮೊದಲು ಹೀರೋಯಿನ್ ಕೂತುಕೊಳ್ಳುವ ಬಗೆ. ಎಪ್ಪತ್ತು ದಾಟಿದ ಹೆಂಗಸು ಸೆರಗು ಒಂದು ಕೈಯಲ್ಲಿ ಹಿಡಿದು, ನೆಲವನ್ನು ನೋಡದೆಯೇ ಕೂತುಬಿಟ್ಟರು, ಕಣ್ಣು ನಮ್ಮ ಮೇಲೆ, ಪ್ರೇಕ್ಷಕರ ಮೇಲೆ. ಮತ್ತೆ ಎದ್ದರು. ಈಗ ತಾಯಿ. ಎಡಗೈ ಮೊದಲು ಮಂಡಿಗೆ ಹೋಯಿತು. ಬಲಗೈ ನೆಲ ಹುಡುಕಿತು. ಅರ್ಧ ಕೂತ ಮೇಲೆ ಒಂದು ಚೂರು ನಿಂತರು, ಉಸಿರಿಗೆ. ಕೂತ ಮೇಲೆ ಕಣ್ಣು ನಮ್ಮ ಕಡೆ ಬರಲೇ ಇಲ್ಲ. ಮಗ ನಿಂತಿದ್ದಾನೆ ಅಂದುಕೊಂಡ ಜಾಗದಲ್ಲೇ ನೆಟ್ಟಿತ್ತು. ಅಲ್ಲಿ ನಿಜವಾಗಿ ಇದ್ದದ್ದು ನಮ್ಮ ಮನೆಯ ನೀರಿನ ಟ್ಯಾಂಕು.

“ಹೀರೋಯಿನ್ ಮಂದಿನ್ನ ನೋಡ್ತಾಳ. ಅವ್ವ ಮಗನ್ನ ನೋಡ್ತಾಳ. ಇಷ್ಟೇ ಫರಕು,” ಅಂದರು.

ನಿಜವಾಗಿ ಮಂಡಿ ನೋವಿರುವ ಹೆಂಗಸು ಅವರು. ಎದುರಿಗೆ ಮಾಡಿ ತೋರಿಸಿದ ಮುದುಕಿಯ ನೋವು ಅವರ ಸ್ವಂತ ನೋವಿನ ಥರ ಇರಲಿಲ್ಲ. ಅದು ಇಪ್ಪತ್ತೆರಡನೇ ವಯಸ್ಸಿನಲ್ಲಿ ಕಟ್ಟಿಕೊಂಡ ನೋವು, ಇನ್ನೂ ಹಾಗೇ ಕೈಯಲ್ಲಿತ್ತು.

ಕೇಳುವುದೇ ಕೆಲಸ ಅಂದುಕೊಂಡು ನೋಡಿದರೆ ಪಂಢರಿಬಾಯಿಯ ಸಿನಿಮಾ ಬದುಕಿನ ಎರಡನೇ ಭಾಗ ಬೇರೆಯಾಗಿಯೇ ಕಾಣುತ್ತದೆ. ‘ಅನುರಾಗ ಅರಳಿತು’ ತಮಿಳಿಗೆ ಹೋಗಿ 1992ರಲ್ಲಿ ‘ಮನ್ನನ್’ ಆಯಿತು. ನಾಯಕ ಬದಲಾದರು, ರಜನಿಕಾಂತ್ ಬಂದರು. ನಾಯಕಿ ಬದಲಾದರು, ವಿಜಯಶಾಂತಿ ಬಂದರು. ತಾಯಿ ಮಾತ್ರ ಅದೇ ಪಂಢರಿಬಾಯಿ. ಭಾಷೆ ಬದಲಾಗಿ ಎಲ್ಲರನ್ನೂ ಬದಲಾಯಿಸಿದವರು ಅವರೊಬ್ಬರನ್ನು ಹಾಗೇ ಉಳಿಸಿಕೊಂಡರು. ಆಗ ಅವರಿಗೆ 63. ರಜನಿಗೆ 41. ಕೊನೆಗೂ ವಯಸ್ಸಿಗೆ ಸರಿಯಾದ ಮಗ ಸಿಕ್ಕ!

ದಕ್ಕಿದ್ದೇನು ಅನ್ನುವುದಕ್ಕೆ ಇದು ಒಂದು ಉತ್ತರ. ನಾಯಕಿ ಒಂದು ಸಿನಿಮಾಕ್ಕೆ ತಿಂಗಳುಗಟ್ಟಲೆ ಕಾಲ್‌ಶೀಟ್ ಕೊಡಬೇಕು. ತಾಯಿಗೆ ಅಷ್ಟು ಬೇಡ, ಕೆಲವು ದಿನದಲ್ಲಿ ಅವಳ ಭಾಗ ಮುಗಿಯುತ್ತದೆ. ಇವತ್ತು ಇಲ್ಲಿ ರಾಜ್‌ಗೆ ತಾಯಿ, ನಾಳೆ ಪಕ್ಕದ ಫ್ಲೋರ್‌ನಲ್ಲಿ ಇನ್ನೊಬ್ಬನಿಗೆ. ಕನ್ನಡ, ತಮಿಳು, ತೆಲುಗು, ಹಿಂದಿ ಎಲ್ಲ ಸೇರಿ ಅವರ ಚಿತ್ರಗಳ ಲೆಕ್ಕ 500 ದಾಟುತ್ತದೆ ಅಂದರೆ ಅದರ ಗುಟ್ಟು ಇಲ್ಲಿದೆ. ನಾಯಕಿಯಾಗಿಯೇ ಉಳಿಯಬೇಕು ಅಂತ ಹಟ ಹಿಡಿದಿದ್ದರೆ ಹತ್ತು ವರ್ಷಕ್ಕೆ ಮನೆಗೆ ಹೋಗುತ್ತಿದ್ದರೋ ಏನೋ. ತಾಯಿಯಾದ್ದಕ್ಕೆ ಇನ್ನೂ ಮೂರು ದಶಕ ದುಡಿದರು. ಲೀಲಾವತಿಯವರದೂ ಹೆಚ್ಚುಕಮ್ಮಿ ಇದೇ ದಾರಿ: ನಾಯಕಿ, ಆಮೇಲೆ ತಾಯಿ, ಅಜ್ಜಿ.

ಮೊಮ್ಮಗಳು ಇದಕ್ಕೆ ಒಪ್ಪಲಿಲ್ಲ. “ಕೆಲಸ ಸಿಕ್ತು ಅಂದ್ರ ಮೋಸ ಹೋಯ್ತೇನು?” ಅಂದಳು. ಉಮಾಶ್ರೀಯವರನ್ನು ಎತ್ತಿಕೊಂಡಳು. ಹುಟ್ಟಿದ್ದು 1957. ರಂಗದ ಮೇಲೆ ‘ಒಡಲಾಳ’ದ ಮುದಿ ಸಾಕವ್ವನಾಗಿ ಹೆಸರು ಮಾಡಿದಾಗ ಇನ್ನೂ ಚಿಕ್ಕ ವಯಸ್ಸು. ಸಿನಿಮಾದಲ್ಲಿ ವರ್ಷಾನುಗಟ್ಟಲೆ ಹಾಸ್ಯ, ಪೋಷಕ ಪಾತ್ರ. ಆದರೆ 2008ರಲ್ಲಿ ಗಿರೀಶ ಕಾಸರವಳ್ಳಿ ‘ಗುಲಾಬಿ ಟಾಕೀಸ್’ ಮಾಡಿದಾಗ ಕಥೆಯ ನಡುವೆ ನಿಂತದ್ದು ಉಮಾಶ್ರೀ. ರಾಷ್ಟ್ರಪ್ರಶಸ್ತಿ ಬಂತು, ಅತ್ಯುತ್ತಮ ನಟಿ ಅಂತ. “ಪಂಢರಿಬಾಯಿಗಿ ಅಂಥಾದೊಂದು ಯಾಕ ಬರೀಲಿಲ್ಲ?”

ನನ್ನ ಹತ್ತಿರ ಉತ್ತರ ಇರಲಿಲ್ಲ. ಈಗಲೂ ಇಲ್ಲ. ಅಷ್ಟೊಂದು ಮಂದಿಗೆ ತಾಯಿಯಾದವಳ ಕಥೆಯನ್ನೇ ನಡುವಿಟ್ಟು ಒಂದು ಸಿನಿಮಾ ಬರೆಯಬಹುದಿತ್ತು. ತಾಯಿಗೆ ಮಗನ ಹೊರತು ಬೇರೆ ಬದುಕು ಇರಬಹುದು ಅಂತ ಆ ಕಾಲದ ಕಥೆ ಬರೆಯುವವರಿಗೆ ಹೊಳೆಯಲೇ ಇಲ್ಲ ಅಂತ ನನ್ನ ಅನಿಸಿಕೆ. ಮೊಮ್ಮಗಳ ಮೋಸ ಅನ್ನುವ ಮಾತನ್ನು ವಯಸ್ಸಿನ ಲೆಕ್ಕದಿಂದ ತೆಗೆದು ಇಲ್ಲಿಗೆ ತಂದು ಇಟ್ಟರೆ ನಾನು ಪೂರ್ತಿ ಒಪ್ಪುತ್ತೇನೆ.

ಆಯಿಯ ತಕರಾರು ಮಾತ್ರ ಇದ್ಯಾವುದೂ ಅಲ್ಲ. ಅದು ಗೊತ್ತಾದದ್ದು ಮರುದಿನ.

ಪ್ರೊಜೆಕ್ಟರ್ ವಾಪಸ್ ಕೊಡಲು ಹೊರಟಿದ್ದೆ, ಕರೆದರು. ತಗಡಿನ ಟ್ರಂಕು ತೆಗೆದಿಟ್ಟುಕೊಂಡು ಕೂತಿದ್ದರು. ರೇಷ್ಮೆ ಸೀರೆಯ ಮಡಿಕೆಯೊಳಗಿಂದ ಒಂದು ಕಾಗದ ತೆಗೆದರು. ಗುಲಾಬಿ ಬಣ್ಣದ ತೆಳು ಹ್ಯಾಂಡ್‌ಬಿಲ್, ನಾಲ್ಕು ಮಡಿಕೆ, ಮಡಿಕೆಯಲ್ಲೆಲ್ಲ ಹರಿದು ಹಿಂದಿನಿಂದ ಪಟ್ಟಿ ಅಂಟಿಸಿದೆ. ಹಿಂದೆ ಟಾಂಗಾಕ್ಕೆ ಮೈಕು ಕಟ್ಟಿಕೊಂಡು ಊರೆಲ್ಲ ಇವನ್ನು ತೂರುತ್ತ ಹೋಗುತ್ತಿದ್ದರು. ನಾವು ಹುಡುಗರು ಹಿಂದೆ ಓಡುತ್ತಿದ್ದೆವು, ನಾಟಕಕ್ಕಲ್ಲ, ಕಾಗದಕ್ಕೆ.

ಮೇಲೆ ನಾಟಕದ ಹೆಸರು. ಅದರ ಕೆಳಗೆ ಮಾಲೀಕರ ಹೆಸರು, ನಾಟಕದ ಹೆಸರಿಗಿಂತ ದಪ್ಪ ಅಕ್ಷರದಲ್ಲಿ. ಹೀರೋಯಿನ್ ಹೆಸರು. ಹಾಸ್ಯದವನ ಹೆಸರು. ಟಿಕೆಟ್ ದರ. ತಳದಲ್ಲಿ, ಪ್ರೆಸ್ಸಿನ ಹೆಸರಿಗೆ ಒಂದು ಸಾಲು ಮೇಲೆ, ‘ಇತರ ಪಾತ್ರವರ್ಗದಲ್ಲಿ’ ಅಂತ ಶುರುವಾಗುವ ಸಣ್ಣ ಅಕ್ಷರಗಳ ನಡುವೆ ಆಯಿಯ ಹೆಸರಿತ್ತು. ಒಂದು ಒತ್ತಕ್ಷರ ಬಿಟ್ಟುಹೋಗಿತ್ತು.

“ಇದೊಂದ್ರಾಗ ಬಂದದ,” ಅಂದರು. “ಬಾಕಿದ್ರಾಗ ‘ಮುಂತಾದವರು’.”

ಎಷ್ಟು ವರ್ಷ ಕಂಪನಿಯಲ್ಲಿದ್ದಿರಿ ಅಂತ ಕೇಳಿದೆ. ಬೆರಳು ಮಡಿಚಿ ಎಣಿಸಿದರು. ಊರುಗಳ ಲೆಕ್ಕದಲ್ಲಿ ಎಣಿಸುತ್ತಿದ್ದರು: ಕಲಬುರಗಿ ಎರಡು ಸಲ, ಬೀದರ, ಯಾದಗಿರಿ, ಸುರಪುರ... ಸುರಪುರದ ಹತ್ತಿರ ತಪ್ಪಿತು. ನಕ್ಕು ಬಿಟ್ಟುಬಿಟ್ಟರು. ಪಗಾರದ ಬಗ್ಗೆ ಒಂದು ಮಾತೂ ಆಡಲಿಲ್ಲ. ಅವ್ವನ ಪಾರ್ಟು ಸಣ್ಣದು ಅಂತಲೂ ಅವರು ಯಾವತ್ತೂ ಅಂದುಕೊಂಡವರಲ್ಲ.

ನಾನು ಆ ರಾತ್ರಿ ಸುಮ್ನೆ ಒಂದು ಕೆಲಸ ಮಾಡಿದೆ. ‘ಅನುರಾಗ ಅರಳಿತು’ ಮತ್ತೆ ಹಾಕಿ, ಟೈಟಲ್ ಕಾರ್ಡ್‌ನಲ್ಲಿ ಪಂಢರಿಬಾಯಿ ಹೆಸರು ಬಂದ ಕಡೆ ನಿಲ್ಲಿಸಿ, ಮೊಬೈಲಿನಲ್ಲಿ ಫೋಟೋ ತೆಗೆದು ಮೊಮ್ಮಗಳಿಗೆ ಕಳಿಸಿದೆ, ಆಯಿಗೆ ತೋರಿಸು ಅಂತ. ಬೆಳಿಗ್ಗೆ ಉತ್ತರ ಬಂದಿತ್ತು: “ತೋರಿಸ್ದೆ. ಒತ್ತಕ್ಷರ ಸರಿ ಅದ ಅಂದ್ಳು.”

ಮೂರನೇ ಭಾನುವಾರದ ಸಿನಿಮಾ ಆರಿಸಿದವರು ಖಾಲಾ. ಎರಡು ವಾರ ಕನ್ನಡ ನೋಡಿದ್ದಾಯಿತು, ಈ ಸಲ ‘ಪೈಗಾಮ್’ ಹಾಕು ಅಂದರು. 1959ರದು, ದಿಲೀಪ್ ಕುಮಾರ್ ಅಂದರೆ ಅವರಿಗೆ ಪ್ರಾಣ. ಅದರಲ್ಲೂ ಪಂಢರಿಬಾಯಿ ಇದ್ದಾರೆ ಅಂತ ನಾನು ಹೇಳಿದಾಗ ಯಾರೂ ನಂಬಲಿಲ್ಲ. ದಿಲೀಪ್ ಕುಮಾರ್‌ಗೆ ಅತ್ತಿಗೆ, ಅಂದರೆ ಅಣ್ಣನ ಹೆಂಡತಿ. ಅಣ್ಣನ ಪಾತ್ರದವರ ಹೆಸರು ಕೇಳಿ ಮಾಳಿಗೆ ಮತ್ತೆ ನಕ್ಕಿತು. ರಾಜ್‌ಕುಮಾರ್! ಹಿಂದಿಯ ರಾಜ್‌ಕುಮಾರ್. ಎರಡೂ ಭಾಷೆಯ ರಾಜ್‌ಕುಮಾರರಿಗೆ ಹೆಂಡತಿಯಾದವರು ಅವರು.

ಮೊಮ್ಮಗಳು ಅಷ್ಟರಲ್ಲೇ ಮೊಬೈಲ್ ತೆಗೆದಿದ್ದಳು. ಆಯಿ ಅದನ್ನು ಅವಳ ಕೈಯಿಂದ ಇಸಿದುಕೊಂಡು ಚಾಪೆಯ ಕೆಳಗೆ ಸರಿಸಿದರು. ಆಮೇಲೆ ತಾವೇ ನನ್ನ ಕಡೆ ಬಾಗಿ, ಯಾರಿಗೂ ಕೇಳದ ಹಾಗೆ ಕೇಳಿದರು:

“ಅದ್ರಾಗ ಅಕಿಗಿ ಎಷ್ಟ್ ವಯಸ್ಸ, ತಮ್ಮಾ?”